ನೋಟೀಸು ಬೇಕಾಗಿದ್ದ ಪ್ರತಿವಾದಿ

ಕೋರ್ಟಿನ ಅಮೀನ ನೋಟೀಸು ಹಿಡಿದು ಮನೆ ಮುಂದೆ ನಿಂತರೆ ಲೋಕದ ಜನರೆಲ್ಲ ಹಿತ್ತಲ ಬಾಗಿಲಿಂದ ಓಡುತ್ತಾರೆ. ಸೇತುರಾಮನೂ ಆ ಶುಕ್ರವಾರ ಹಿತ್ತಲ ಬಾಗಿಲಿಂದಲೇ ಓಡಿದ. ಓಡಿದ್ದು ಮಾತ್ರ ಅಮೀನನನ್ನು ಹಿಡಿಯುವುದಕ್ಕೆ.

ತಾಪತ್ರಯ ಶುರುವಾದದ್ದು ಎಂಟು ತಿಂಗಳ ಹಿಂದೆ, ಅವನಿಗೆ ಸರ್ಕಾರಿ ನೌಕರಿ ಸಿಕ್ಕ ದಿನ. ಅದಕ್ಕೆ ಮೊದಲು ಅವನು ರಾಜಾಜಿನಗರದ ಇಂಡಸ್ಟ್ರಿಯಲ್ ಎಸ್ಟೇಟಿನಲ್ಲಿ ನಂಜುಂಡಪ್ಪನವರ ನಟ್ಟು ಬೋಲ್ಟಿನ ಕಾರ್ಖಾನೆಯ ಸ್ಟೋರ್ ಕೀಪರ್. ಒಂದು ಮೇಜು, ತಲೆಯ ಮೇಲೊಂದು ಫ್ಯಾನು, ಗೋಡೆಯುದ್ದಕ್ಕೂ ಡಬ್ಬಗಳು. ಕಾಲಿಂಚಿನದು ಕಾಲಿಂಚಿನ ಡಬ್ಬದಲ್ಲಿ, ಮುಕ್ಕಾಲಿಂಚಿನದು ಮುಕ್ಕಾಲಿಂಚಿನ ಡಬ್ಬದಲ್ಲಿ. ಹತ್ತೂವರೆಗೆ ಟೀ. ಬೋಲ್ಟು ಬಯ್ಯುವುದಿಲ್ಲ, ನಟ್ಟು ಒದೆಯುವುದಿಲ್ಲ. ಸೇತುರಾಮ ಅಲ್ಲಿ ಆರು ವರ್ಷ ಸುಖವಾಗಿದ್ದ. ಅದು ಸುಖ ಅಂತ ಗೊತ್ತಾದದ್ದು ಬಿಟ್ಟ ಮೇಲೆ.

ಬಿಡಿಸಿದವರು ಮಾವ ವೆಂಕಟಗಿರಿರಾಯರು, ರಿಟೈರಾದ ಶಿರಸ್ತೇದಾರರು. ಸೇತುರಾಮ ಹೆಂಡತಿ ಪಂಕಜಾಳೊಂದಿಗೆ ವಾಸವಾಗಿದ್ದದ್ದು ಅವರ ಮನೆಯ ಹಿಂಭಾಗದ ಎರಡು ಕೋಣೆಗಳಲ್ಲಿ. ಬಾಡಿಗೆ ಇರಲಿಲ್ಲ, ಅದರ ಬದಲು ಮಾವನವರ ಮಾತು ಕೇಳಬೇಕಾಗಿತ್ತು. “ಮದುವೆ ಮನೇಲಿ ಜನ ಅಳಿಯಂದಿರು ಏನ್ಮಾಡ್ತಾರೆ ಅಂದ್ರೆ ನಟ್ಟು ಎಣಿಸ್ತಾರೆ ಅಂತ ಹೇಳ್ಲಾ ನಾನು?” ಅಂತ ರಾಯರು ಕೊರಗಿ ಕೊರಗಿ, ಕಡೆಗೆ ಮಾಗಡಿ ರಸ್ತೆಯ ಆಚೆಯ ಮುತ್ತುಗದಪಾಳ್ಯ ಪುರಸಭೆಯ ಅಧ್ಯಕ್ಷರನ್ನು ಹಿಡಿದರು. ಅಧ್ಯಕ್ಷರು ಅವರಿಗೆ ಹಳೆಯ ಸ್ನೇಹಿತರು.

ಒಂದು ಗುಮಾಸ್ತನ ಹುದ್ದೆಗೆ ನಲವತ್ತಾರು ಜನ ಅರ್ಜಿ ಹಾಕಿದ್ದರು. ಬರವಣಿಗೆಯ ಪರೀಕ್ಷೆಯಲ್ಲಿ ದಾವಣಗೆರೆ ಕಡೆಯ ಜಂಬಣ್ಣ ಮೊದಲನೆಯವನು, ಸೇತುರಾಮ ಇಪ್ಪತ್ತೆರಡನೆಯವನು. ಸಂದರ್ಶನದಲ್ಲಿ ಜಂಬಣ್ಣನಿಗೆ ಇಪ್ಪತ್ತೈದಕ್ಕೆ ಎರಡು ಅಂಕ ಬಂತು, ಸೇತುರಾಮನಿಗೆ ಇಪ್ಪತ್ತೈದಕ್ಕೆ ಇಪ್ಪತ್ತೈದು. ಅವನನ್ನು ಕೇಳಿದ್ದು ಒಂದೇ ಪ್ರಶ್ನೆ, ಹೊರಗೆ ಮಳೆ ಬರ್ತಾ ಇದೆಯಾ ಅಂತ. ಅದಕ್ಕೂ ಅವನು ತಪ್ಪು ಉತ್ತರ ಹೇಳಿದ್ದ. ಅಂಕಪಟ್ಟಿ ನೋಡಿದ ದಿನ ಅವನಿಗೆ ನಿಜಕ್ಕೂ ನಾಚಿಕೆಯಾಗಿ ಊಟ ಸೇರಲಿಲ್ಲ.

ಕೆಲಸಕ್ಕೆ ಹೋದ ಮೇಲೆ ನಾಚಿಕೆಯ ಜೊತೆಗೆ ನೋವೂ ಸೇರಿತು. ಆರ್ಡರಿನಲ್ಲಿ ‘ಗುಮಾಸ್ತ ಹಾಗೂ ಅಧ್ಯಕ್ಷರು ಸೂಚಿಸುವ ಇತರೆ ಕೆಲಸಗಳು’ ಅಂತ ಇತ್ತು. ಗುಮಾಸ್ತನ ಕೆಲಸ ದಿನಕ್ಕೆ ಕಾಲು ಗಂಟೆ. ಇತರೆ ಕೆಲಸ ಅಂದರೆ ಪುರಸಭೆಯ ದೊಡ್ಡಿ. ಬೀದಿಯಲ್ಲಿ ಅಲೆಯುವ ಹಸು ಎಮ್ಮೆಗಳನ್ನು ಹಿಡಿಸಿ ತಂದು ದೊಡ್ಡಿಗೆ ಕೂಡಬೇಕು, ಮಾಲೀಕರು ದಂಡ ಕಟ್ಟಿ ಬಿಡಿಸಿಕೊಳ್ಳುವ ತನಕ ಹುಲ್ಲು ನೀರು ನೋಡಬೇಕು. ಕರಾವಿನ ಎಮ್ಮೆಯಾದರೆ ಕೆಚ್ಚಲು ಬಾತುಕೊಳ್ಳದ ಹಾಗೆ ಬೆಳಗಿನ ಐದಕ್ಕೆ ಹಾಲು ಕರೆಯಲೂ ಬೇಕು. ಎಂಟು ತಿಂಗಳಲ್ಲಿ ನಾಲ್ಕು ಸಲ ಒದೆಸಿಕೊಂಡಿದ್ದ, ಒಂದು ಸಲ ತಿವಿಸಿಕೊಂಡಿದ್ದ. ಮಾಲೀಕರ ಬೈಗುಳವನ್ನು ಲೆಕ್ಕ ಇಡುವುದು ಬಿಟ್ಟಿದ್ದ.

ಹೀಗಿರುವಾಗ ಜಂಬಣ್ಣ ಹೈಕೋರ್ಟಿಗೆ ಹೋದ ಸುದ್ದಿ ಬಂತು. ನೇಮಕ ಅನ್ಯಾಯದ್ದು, ರದ್ದು ಮಾಡಿ ನನಗೆ ಕೊಡಿಸಿ ಅಂತ ಅವನ ಅರ್ಜಿ. ಮನೆಯವರ ಮುಖವೆಲ್ಲ ಬಿಳಿಚಿಕೊಂಡಿತು. ಸೇತುರಾಮ ಮಾತ್ರ ದೇವರ ಕೋಣೆಗೆ ಹೋಗಿ ಜಂಬಣ್ಣ ಗೆಲ್ಲಲಿ ಅಂತ ತುಪ್ಪದ ದೀಪ ಹಚ್ಚಿ ಬಂದ. ತಾನಾಗಿ ರಾಜೀನಾಮೆ ಕೊಡುವ ಧೈರ್ಯ ಅವನಿಗಿರಲಿಲ್ಲ. ಮಾವನವರ ಎದುರು ಕೂತು ಇನ್ನೊಂದು ಸೌಟು ಹುಳಿ ಕೇಳುವ ಧೈರ್ಯವೇ ಇರಲಿಲ್ಲ. ಆದರೆ ಕೋರ್ಟೇ ಕೆಲಸದಿಂದ ತೆಗೆದರೆ ಯಾರು ಯಾರನ್ನು ಬಯ್ಯುತ್ತಾರೆ?

ಅವನು ಗುಟ್ಟಾಗಿ ನಂಜುಂಡಪ್ಪನವರನ್ನು ಕಂಡು ಬಂದ. “ಸೋಮವಾರದ ತನಕ ನಿನ್ನ ಜಾಗ ಖಾಲಿ ಇಟ್ಟಿರ್ತೀನಿ ಕಣಯ್ಯ. ಆಮೇಲೆ ದೊಡ್ಡ ಆರ್ಡರ್ ಶುರು, ಯಾರನ್ನಾದ್ರೂ ಹಾಕ್ಕೊಳ್ಳೇಬೇಕು” ಅಂದರು ಅವರು. ಕೇಸು ವಿಚಾರಣೆಗೆ ಬರುವುದೂ ಅದೇ ಸೋಮವಾರ. ಅಷ್ಟರೊಳಗೆ ನೋಟೀಸು ಕೈಗೆ ಮುಟ್ಟಿದರೆ, ಹೋಗಿ ‘ನಂದೇನೂ ತಕರಾರಿಲ್ಲ ಸ್ವಾಮಿ’ ಅಂತ ಕೈಮುಗಿದು ಎಮ್ಮೆಗಳಿಂದ ಪಾರಾಗಬಹುದು. ಮುಟ್ಟದಿದ್ದರೆ ಬೇಸಿಗೆ ರಜ ಕಳೆದು ಕೇಸು ಜೂನಿಗೆ ಹೋಗುತ್ತದೆ, ಸ್ಟೋರಿನ ಕೆಲಸ ಇನ್ಯಾರಿಗೋ ಹೋಗುತ್ತದೆ.

ಮುಟ್ಟಲು ಬಿಡದವರು ಪಕ್ಕದ ಮನೆಯ ಲಕ್ಷ್ಮೀಪತಿ. ಮೂವತ್ತು ವರ್ಷ ವಕೀಲರೊಬ್ಬರ ಹತ್ತಿರ ಗುಮಾಸ್ತರಾಗಿದ್ದು, ಈಗ ಬೀದಿಗೆಲ್ಲ ಪುಕ್ಕಟೆ ಕಾನೂನು ಹೇಳುತ್ತಿದ್ದರು. “ನೋಟೀಸು ಮುಟ್ಟದೇ ಇರೋ ಕೇಸು ಗಾಳಿ ಇಲ್ಲದ ಟೈರು ಇದ್ದ ಹಾಗೆ ರಾಯರೇ, ಎಲ್ಲಿ ನಿಂತಿತ್ತೋ ಅಲ್ಲೇ ನಿಂತಿರುತ್ತೆ” ಅಂದಿದ್ದರು. ಅವರ ಸಲಹೆಯಂತೆ ಎರಡು ಸಲ ರಿಜಿಸ್ಟರ್ಡ್ ಕಾಗದ ‘ಊರಲ್ಲಿಲ್ಲ’ ಅಂತ ವಾಪಸಾಯಿತು. ಸೇತುರಾಮನನ್ನು ಬುಧವಾರದಿಂದ ರಜ ಹಾಕಿಸಿ ಹಿಂದಿನ ಕೋಣೆಯಲ್ಲಿ ಕೂರಿಸಿದ್ದರು.

ಶುಕ್ರವಾರ ಎಂಟು ಗಂಟೆಗೆ ಅಮೀನ ಬಂದೇ ಬಂದ. ಚಿಕ್ಕಣ್ಣ ಅಂತ ಹೆಸರು, ಕೈಯಲ್ಲಿ ಕೊಡೆ, ಬಗಲಲ್ಲಿ ಚೀಲ. ರಾಯರು ಬಾಗಿಲಿಗೆ ಅಡ್ಡ ನಿಂತರು.

“ಅಳಿಯಂದಿರು ತಿರುಪತಿಗೆ ಹೋಗಿದಾರೆ.”

“ಯಾವಾಗ ಬರ್ತಾರೆ ಸ್ವಾಮಿ?”

“ವೆಂಕಟರಮಣ ಕಳಿಸಿದಾಗ.”

ಹಿಂದಿನ ಕೋಣೆಯಲ್ಲಿ ಇದನ್ನು ಕೇಳಿ ಸೇತುರಾಮನ ಜೀವ ಒದ್ದಾಡಿತು. ಕೂಗಿಬಿಡೋಣ ಅಂದರೆ ಬಾಗಿಲಿಗೆ ಹೊರಗಿನಿಂದ ಚಿಲಕ. ಅಷ್ಟರಲ್ಲಿ ಚಿಲಕ ಮೆಲ್ಲಗೆ ಸರಿಯಿತು. ಪಂಕಜಾ ಒಳಗೆ ಬಂದು ಅವನ ಚಪ್ಪಲಿ ಮುಂದಿಟ್ಟಳು.

“ಹಿತ್ತಲಿಂದ ಹೋಗ್ರೀ. ಅವನು ಬಸ್ ಸ್ಟಾಪ್ ಕಡೆ ತಿರುಗಿದಾನೆ.”

“ನಿನಗೆ ಹೇಗೆ ಗೊತ್ತು ನಾನು...”

“ಎಂಟು ತಿಂಗಳಿಂದ ನಿದ್ದೇಲಿ ‘ಹೈ, ಹೈ’ ಅಂತ ಎಮ್ಮೆ ಹೊಡೀತಾ ಇದೀರಿ. ನನಗೆ ಗೊತ್ತಾಗಲ್ವಾ? ಆಗ ಮೈಯೆಲ್ಲ ಗ್ರೀಸ್ ವಾಸನೆ ಬರ್ತಿತ್ತು, ಬೈತಾ ಇದ್ದೆ. ಈಗ ಬರೋ ವಾಸನೆಗೆ ಬೈಯೋಕೂ ಆಗಲ್ಲ. ಹೋಗಿ, ಬೇಗ.”

ಸೇತುರಾಮನಿಗೆ ಕಣ್ಣು ತುಂಬಿ ಬಂತು. ಆದರೆ ಅಳುವುದಕ್ಕೆ ಸಮಯವಿರಲಿಲ್ಲ.

ನವರಂಗ್ ಟಾಕೀಸಿನ ಹತ್ತಿರದ ಹೋಟೆಲಿನಲ್ಲಿ ಚಿಕ್ಕಣ್ಣ ಮಸಾಲೆದೋಸೆ ಮುರಿಯುತ್ತಿದ್ದ. ಸೇತುರಾಮ ಏದುಸಿರು ಬಿಡುತ್ತ ಅವನೆದುರು ಕೂತು ಕೈ ಚಾಚಿದ.

“ನಾನೇ ಸೇತುರಾಮ. ಕೊಡಿ.”

ಚಿಕ್ಕಣ್ಣ ದೋಸೆಯ ತಟ್ಟೆಯನ್ನು ತನ್ನ ಕಡೆಗೆ ಎಳೆದುಕೊಂಡ. “ಏನು ಕೊಡೋದು?”

“ನೋಟೀಸು. ನಾನೇ ಪ್ರತಿವಾದಿ.”

ಚಿಕ್ಕಣ್ಣ ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿದ. “ಸ್ವಾಮಿ, ಇಪ್ಪತ್ತೆರಡು ವರ್ಷ ಆಯ್ತು ನಾನು ಈ ಕೆಲ್ಸಕ್ಕೆ ಸೇರಿ. ನನ್ನ ನೋಡಿ ಅಟ್ಟ ಹತ್ತಿದೋರನ್ನ ನೋಡಿದೀನಿ, ನೀರಿನ ಹಂಡೇಲಿ ಕೂತೋರನ್ನ ನೋಡಿದೀನಿ. ನೋಟೀಸು ಕೊಡಿ ಅಂತ ಹೋಟೆಲಿಗೆ ಬಂದೋರನ್ನ ನೋಡಿಲ್ಲ. ನಿಜ ಹೇಳಿ, ನೀವು ಯಾರ ಕಡೆಯೋರು? ಬೇರೆ ಯಾರೋ ಇಸ್ಕೊಂಡು, ಆಮೇಲೆ ನಂಗೆ ಮುಟ್ಟೇ ಇಲ್ಲ ಅಂತ ಅಸಲಿ ಸೇತುರಾಮ ಕೋರ್ಟಲ್ಲಿ ಹೇಳಿ, ನನ್ನ ಕೆಲಸಕ್ಕೆ ಸಂಚಕಾರ ತರೋ ಉಪಾಯ ತಾನೇ?”

ಸೇತುರಾಮ ಆಣೆ ಇಟ್ಟ, ಜನಿವಾರ ತೋರಿಸಿದ. ಜನಿವಾರದ ಮೇಲೆ ಹೆಸರು ಬರೆದಿರುವುದಿಲ್ಲ ಅಂದ ಚಿಕ್ಕಣ್ಣ. “ಇವರು ಇಂಥವರೇ ಅಂತ ಗುರುತು ಹೇಳಿ ಒಬ್ರು ರುಜು ಹಾಕ್ಲಿ. ಈಗಿಂದೀಗ ಕೊಡ್ತೀನಿ. ಇವತ್ತು ಸಂಜೆ ಐದರೊಳಗೆ ಕಾಗದ ಕಚೇರಿಗೆ ವಾಪಸ್ ಹೋಗ್ಬೇಕು.”

ಗುರುತು ಹೇಳುವುದಕ್ಕೇನು, ಏಳು ವರ್ಷದಿಂದ ಇದ್ದ ಬೀದಿ. ಸೇತುರಾಮ ದೋಸೆಯ ದುಡ್ಡು ತಾನೇ ಕೊಟ್ಟು ಅಮೀನನನ್ನು ಮನೆಯ ಕಡೆ ಕರೆದುಕೊಂಡು ಹೊರಟ. ಲಕ್ಷ್ಮೀಪತಿ ಗೇಟಿನಲ್ಲೇ ನಿಂತಿದ್ದರು. ಅಮೀನನ ಪಕ್ಕದಲ್ಲಿ ಸೇತುರಾಮನನ್ನು ಕಂಡು, ಸಿಕ್ಕಿಬಿದ್ದ ಅಂತಲೇ ತಿಳಿದು ಅವನನ್ನು ಉಳಿಸಲು ಟೊಂಕ ಕಟ್ಟಿದರು.

“ಲಕ್ಷ್ಮೀಪತಿಗಳೇ, ನಾನು ಯಾರು ಅಂತ ಇವರಿಗೆ ಸ್ವಲ್ಪ ಹೇಳಿ” ಅಂದ ಸೇತುರಾಮ.

“ನೀವು ಯಾರು?” ಅಂದರು ಲಕ್ಷ್ಮೀಪತಿ.

“ಅಯ್ಯೋ, ನಿನ್ನೆ ತಾನೇ ನಮ್ಮನೇಲಿ ಕಾಫಿ ಕುಡಿದ್ರಲ್ಲ!”

“ನಾನು ಕಾಫಿ ಬಿಟ್ಟು ಎರಡು ವರ್ಷ ಆಯ್ತು” ಅಂದು ಅವರು ಅಮೀನನಿಗೆ ಕಾಣದ ಹಾಗೆ ಸೇತುರಾಮನಿಗೆ ಕಣ್ಣು ಹೊಡೆದರು. ಎದುರು ಮನೆಯವರು, ಮೂಲೆ ಮನೆಯವರು ಎಲ್ಲರೂ ಬಂದು ನೋಡಿ, ಈ ಮುಖ ಈ ಬೀದಿಯದಲ್ಲ ಅಂತ ಒಕ್ಕೊರಲಿಂದ ಹೇಳಿದರು. ಆ ಬೀದಿ ಒಂದು ವಿಷಯದಲ್ಲಿ ಒಗ್ಗಟ್ಟಾದದ್ದು ಅದೇ ಮೊದಲು. ಗದ್ದಲ ಕೇಳಿ ಹೊರಗೆ ಬಂದ ರಾಯರು ಅಳಿಯನನ್ನು ನೇರವಾಗಿ ನೋಡಿ, “ಈ ಮಹಾಶಯರನ್ನ ನಾನು ಇದೇ ಮೊದಲ ಸಲ ನೋಡ್ತಿರೋದು” ಅಂದರು.

ಬಾಗಿಲ ಹಿಂದಿನಿಂದ ಪಂಕಜಾ ಮುಂದೆ ಬಂದಳು. ಅಪ್ಪನ ಮುಖ ನೋಡದೆ ಅಮೀನನಿಗೆ ಹೇಳಿದಳು: “ಇವರು ನಮ್ಮನೆಯವರು.”

“ಬದುಕಿಸಿದ್ರಿ ತಾಯಿ. ಹೆಸರು ಹೇಳಿ, ಬರ್ಕೋತೀನಿ.”

ಪಂಕಜಾ ಕೆಂಪಾದಳು. ಮದುವೆಯಾದ ಈ ಏಳು ವರ್ಷದಲ್ಲಿ ಅವಳು ಒಮ್ಮೆಯೂ ಗಂಡನ ಹೆಸರು ಹೇಳಿದವಳಲ್ಲ. ಸೆರಗಿನ ತುದಿ ಸುತ್ತುತ್ತ ಅಂದಳು: “ಲಂಕೆಗೆ ಹೋಗೋಕೆ ಕಪಿಗಳೆಲ್ಲ ಸೇರಿ ಕಟ್ಟಿದ್ರಲ್ಲ... ಅದು. ಅದರ ಮುಂದೆ ದಶರಥನ ದೊಡ್ಡ ಮಗ.”

ಚಿಕ್ಕಣ್ಣ ಪೆನ್ನಿನ ಕ್ಯಾಪು ಹಾಕಿದ. “ತಾಯೀ, ಇದನ್ನ ಹೀಗೇ ಬರ್ಕೊಂಡು ಹೋದ್ರೆ ಸಾಹೇಬ್ರು ನನ್ನ ಹರಿಕಥೆ ಮಾಡೋಕೆ ಕಳಿಸ್ತಾರೆ. ಬಾಯಿ ಬಿಟ್ಟು ಹೆಸರು ಹೇಳ್ಬೇಕು.”

ಪಂಕಜಾ ಬಾಯಿ ತೆರೆದಳು, ಮುಚ್ಚಿದಳು. ‘ಸೇ’ ಅನ್ನುವ ತನಕ ಬಂದು ಕೆಮ್ಮಿ, ಒಳಗೆ ಓಡಿಹೋದಳು. ರಾಯರು ಬಾಗಿಲು ಹಾಕಿಕೊಂಡರು.

ಉಳಿದದ್ದು ಒಂದೇ ದಾರಿ. ಕೇಸು ಹಾಕಿದ ಜಂಬಣ್ಣನೇ ಗುರುತು ಹೇಳಬೇಕು. ಅವನಿದ್ದದ್ದು ವಿಜಯನಗರದಲ್ಲಿ. ತುಂಬಿದ ಬಿಟಿಎಸ್ ಬಸ್ಸಿನಲ್ಲಿ ನೇತಾಡಿಕೊಂಡು ಇಬ್ಬರೂ ಅಲ್ಲಿಗೆ ಮುಟ್ಟಿದಾಗ ಹನ್ನೊಂದು ಗಂಟೆ. ಜಂಬಣ್ಣ ಒಂದು ಟೈಪಿಂಗ್ ಶಾಲೆಯ ಮುಂದೆ ಬೆಂಚಿನ ಮೇಲೆ ಕೂತು ಯಾರದೋ ಅರ್ಜಿ ತಿದ್ದುತ್ತಿದ್ದ. ತೆಳ್ಳಗಿನ ಮನುಷ್ಯ, ಹಣೆಯಲ್ಲಿ ವಿಭೂತಿ, ಇಸ್ತ್ರಿ ಮಾಡಿದ ಹಳೆಯ ಶರಟು. ಆ ಶರಟು ನೋಡಿ ಸೇತುರಾಮನಿಗೆ ಮತ್ತೆ ಅಂಕಪಟ್ಟಿಯ ನೆನಪಾಗಿ ತಲೆ ತಗ್ಗಿತು.

ಜಂಬಣ್ಣ ಅವನನ್ನು ಬಹಳ ಹೊತ್ತು ನೋಡಿದ. “ಇಂಟರ್‌ವ್ಯೂ ದಿನ ಒಂದ್ಸಲ ನೋಡಿದ್ದೆ ನೋಡ್ರಿ. ಆದ್ರ ಅವ್ರು ಸ್ವಲ್ಪ ಮೈಕೈ ತುಂಬ್ಕೊಂಡಿದ್ರು.”

“ಎಂಟು ತಿಂಗಳಲ್ಲಿ ಇಳಿದುಹೋದೆ ಸ್ವಾಮಿ. ನಾನೇ ಅವನು. ನಂಬಿ.”

“ಇರಬಹುದ್ರಿ. ಆದ್ರ ಖಾತ್ರಿ ಇಲ್ದ ರುಜು ಹಾಕಂಗಿಲ್ಲ. ಅನ್ಯಾಯ ಆತು ಅಂತ ಕೋರ್ಟಿಗೆ ಹೋದಾವ ನಾನು. ಅಲ್ಲೇ ಸುಳ್ಳು ಸಾಕ್ಷಿ ಹೇಳಿದ್ರ ಹೆಂಗ್ರಿ?”

ಇಡೀ ಬೆಂಗಳೂರಿನಲ್ಲಿ ಅಂದು ಸಿಕ್ಕ ಒಬ್ಬನೇ ಸತ್ಯವಂತ ಇವನೇ ಆಗಬೇಕಿತ್ತೇ ಅಂತ ಸೇತುರಾಮ ಬೆಂಚಿನ ಮೇಲೆ ಕುಸಿದ. ಚಿಕ್ಕಣ್ಣ ಕೊಡೆ ಬಿಚ್ಚಿಕೊಂಡು ಹೊರಡಲು ಎದ್ದ.

ಆಗ ರಸ್ತೆಯ ತುದಿಯಿಂದ ಒಂದು ಧ್ವನಿ ಬಂತು.

“ಅಗಾ! ಅಲ್ಲವ್ನೇ ಕಣ್ರಪ್ಪೋ!”

ಶ್ರೀಗಂಧದ ಕಾವಲಿನಿಂದ ವಿಜಯನಗರಕ್ಕೆ ದಿನಾ ಹಾಲು ತರುತ್ತಿದ್ದ ಶಿವಗಂಗಮ್ಮ, ಕಂಕುಳಲ್ಲಿ ಖಾಲಿ ಕ್ಯಾನು ಇಟ್ಟುಕೊಂಡು ಬಿರುಗಾಳಿಯ ಹಾಗೆ ಬಂದಳು. ಬಂದವಳೇ ಸೇತುರಾಮನ ಶರಟಿನ ಕಾಲರು ಹಿಡಿದಳು.

“ಮಂಗಳವಾರ ನನ್ನೆಮ್ಮೆ ದೊಡ್ಡಿಗೆ ಹೊಡ್ದು, ಮೂರ್ ದಿನದಿಂದ ರಜ ಹಾಕ್ಕಂಡು ಇಲ್ಲಿ ಬೆಂಚ್ ಮ್ಯಾಲೆ ಕುಂತಿದೀಯಾ? ಬಿಡುಗಡೆ ಚೀಟಿಗೆ ನಿನ್ ರುಜೂನೇ ಬೇಕಂತೆ! ಯಾವಾನೋ ಹೊಸಬ ಹಾಲು ಕರೆಯೋಕೋಗಿ ಒದೆಸ್ಕಂಡು ಮಲಗವ್ನೆ!”

ಚಿಕ್ಕಣ್ಣ ಕೊಡೆ ಮಡಚಿದ. “ಅಮ್ಮಾ, ಇವರು ಯಾರು ಗೊತ್ತಾ ನಿನಗೆ?”

“ಗೊತ್ತಾ ಅಂತೀಯಾ? ಸೇತುರಾಮ! ದೊಡ್ಡಿ ಸೇತುರಾಮ! ಇವನ ಮಖಾನ ಕತ್ತಲಲ್ಲಿ ಮುಟ್ಟಿ ಹೇಳ್ತೀನಿ. ಎಲ್ಲಿ ಒತ್ಬೇಕು ಹೆಬ್ಬೆಟ್ಟು? ಒಂದ್ಯಾಕೆ, ಹತ್ತ್ ಕಡೆ ಒತ್ತೀನಿ!”

ಅವಳು ಒತ್ತಿದಳು. ತನ್ನ ಸೇವೆಯಲ್ಲಿ ಇಷ್ಟು ಖಚಿತವಾಗಿ ಯಾರೂ ಯಾರನ್ನೂ ಗುರುತಿಸಿದ್ದಿಲ್ಲ ಅಂತ ಚಿಕ್ಕಣ್ಣ ಒಪ್ಪಿಕೊಂಡ. ಸೇತುರಾಮ ಒಂದು ಕೈಯಲ್ಲಿ ಕಾಲರು ಬಿಡಿಸಿಕೊಳ್ಳುತ್ತ ಇನ್ನೊಂದು ಕೈಯಲ್ಲಿ ನೋಟೀಸು ಪಡೆದು ಕಣ್ಣಿಗೊತ್ತಿಕೊಂಡ. ಶಿವಗಂಗಮ್ಮನ ಬಿಡುಗಡೆ ಚೀಟಿಯನ್ನೂ ಅಲ್ಲೇ ಬರೆದುಕೊಟ್ಟ. ಎದೆಯ ಮೇಲೆ ಎಂಟು ತಿಂಗಳಿಂದ ಮಲಗಿದ್ದ ಎಮ್ಮೆಯೊಂದು ಎದ್ದು ಹೋದ ಹಾಗೆ ಹಗುರವಾಯಿತು.

ಅಮೀನನೂ ಶಿವಗಂಗಮ್ಮನೂ ಅವರವರ ದಾರಿ ಹಿಡಿದ ಮೇಲೆ ಜಂಬಣ್ಣ ಮೆಲ್ಲಗೆ ಕೇಳಿದ. “ಅಲ್ರೀ, ಇದು ಗುಮಾಸ್ತನ ಕೆಲಸ ಅಲ್ಲೇನ್ರಿ? ಆ ಅವ್ವ ದೊಡ್ಡಿ, ಎಮ್ಮಿ ಅಂತಿದ್ಲು.”

ಸೇತುರಾಮ ಅವನನ್ನು ಕಾಫಿಗೆ ಕರೆದುಕೊಂಡು ಹೋದ. ಮನಸ್ಸು ಹಗುರಾದವನಿಗೆ ಬಾಯಿ ಕಟ್ಟುವುದು ಕಷ್ಟ. ಮೊದಲು ಕ್ಷಮೆ ಕೇಳಿದ. ಸೋಮವಾರ ಕೋರ್ಟಿನಲ್ಲಿ ಒಂದು ಮಾತೂ ಎದುರಾಡುವುದಿಲ್ಲ ಅಂತ ಭಾಷೆ ಕೊಟ್ಟ. ಆಮೇಲೆ ಒಂದೊಂದಾಗಿ ಎಲ್ಲ ಹೇಳಿಕೊಂಡ: ಬೆಳಗಿನ ಐದು ಗಂಟೆಗೆ ಹಾಲು ಕರೆಯುವುದು, ಮೊಣಕಾಲಿನ ಗಾಯ, ಬೈಗುಳ, ಮಾವನವರು, ನಂಜುಂಡಪ್ಪನವರ ಸ್ಟೋರು, ಆ ಸ್ಟೋರಿನ ತಂಪು, ಅಲ್ಲಿಯ ನೆಮ್ಮದಿ. ಜಂಬಣ್ಣ ನಡುನಡುವೆ “ಹೌದ್ರೀ?” ಅನ್ನುತ್ತ ಕೇಳಿದ. ಎರಡನೆಯ ಕಾಫಿ ತಾನೇ ಕೊಡಿಸಿದ. ಬೀಳ್ಕೊಡುವಾಗ ಇಬ್ಬರೂ ಅಣ್ಣತಮ್ಮಂದಿರ ಹಾಗೆ ಕೈ ಹಿಡಿದುಕೊಂಡರು.

ಮನೆಗೆ ಬಂದ ಸೇತುರಾಮನ ಜೇಬಿನಲ್ಲಿ ನೋಟೀಸು ಕಂಡು ರಾಯರು ಊಟ ಬಿಟ್ಟು ಮಲಗಿದರು. ಲಕ್ಷ್ಮೀಪತಿ “ಕೈಯಾರೆ ಕತ್ತು ಕೊಟ್ಟು ಬಂದ್ಯಲ್ಲೋ” ಅಂತ ತಲೆ ಚಚ್ಚಿಕೊಂಡರು. ಸೇತುರಾಮ ಎಂಟು ತಿಂಗಳಲ್ಲಿ ಮೊದಲ ಬಾರಿಗೆ ಹೊಟ್ಟೆ ತುಂಬ ಊಟ ಮಾಡಿದ. ಹುಳಿಯನ್ನು ಎರಡು ಸಲ ಕೇಳಿ ಹಾಕಿಸಿಕೊಂಡ. ಬಡಿಸುತ್ತಿದ್ದ ಪಂಕಜಾಳಿಗೂ ನಗು ತಡೆಯಲಾಗುತ್ತಿರಲಿಲ್ಲ.

ಸಂಜೆ ಆರು ಗಂಟೆಗೆ ಗೇಟು ಸದ್ದಾಯಿತು. ಜಂಬಣ್ಣ. ಕೈಯಲ್ಲಿ ಮೈಸೂರು ಪಾಕಿನ ಪೊಟ್ಟಣ. ರಾಯರು ಎದ್ದು ಕೂತರು, ಲಕ್ಷ್ಮೀಪತಿ ಬೇಲಿ ದಾಟಿಯೇ ಬಂದರು.

“ಹಿರಿಯರೇ, ಶರಣ್ರಿ” ಅಂದ ಜಂಬಣ್ಣ. “ನಿಮ್ಮ ಅಳಿಯಂದ್ರ ಮ್ಯಾಲಿನ ಕೇಸು ವಾಪಸ್ ತಗಂಡೆ. ವಕೀಲ್ರ ಹತ್ರ ಕಾಗದಕ್ಕ ರುಜು ಹಾಕಿ ಈಗ ಬಂದೆ. ಇನ್ನ ಅವ್ರ ನೌಕ್ರಿಗೆ ಯಾವ ತೊಂದ್ರೀನೂ ಇಲ್ಲ.”

ರಾಯರು ಗಟ್ಟಿಯಾಗಿ ಉಸಿರು ಬಿಟ್ಟರು, ಅತ್ತೆ ದೇವರಿಗೆ ಕೈ ಮುಗಿದರು, ಅಕ್ಕಪಕ್ಕದ ಕಿಟಕಿಗಳಲ್ಲೂ ‘ಸದ್ಯ!’ ಅನ್ನುವ ಸದ್ದು ಕೇಳಿತು. “ನೋಡಿದ್ರಾ ಲಕ್ಷ್ಮೀಪತಿಗಳೇ!” ಅಂತ ರಾಯರು ಅಳಿಯನ ಬೆನ್ನು ತಟ್ಟಿದರು. “ನೋಟೀಸು ತಗೊಳ್ಳೋ ನೆಪ ಮಾಡ್ಕೊಂಡು ಹೋಗಿ ಎದುರಾಳೀನೇ ಒಲಿಸ್ಕೊಂಡು ಬಂದಿದಾರೆ!”

“ಇದು ನನಗೂ ಹೊಳೆದಿರಲಿಲ್ಲ” ಅಂತ ಲಕ್ಷ್ಮೀಪತಿ ಮೊದಲ ಬಾರಿಗೆ ಸೋಲೊಪ್ಪಿದರು.

ಸೇತುರಾಮ ಜಂಬಣ್ಣನನ್ನು ತೋಳು ಹಿಡಿದು ಜಗುಲಿಯ ಮೂಲೆಗೆ ಎಳೆದುಕೊಂಡು ಹೋದ. “ಏನ್ ಸ್ವಾಮಿ ಇದು? ಅನ್ಯಾಯ ಆಯ್ತು ಅಂತ ಕೋರ್ಟಿಗೆ ಹೋದೋರು ನೀವು!”

“ಅನ್ಯಾಯ ಆಗಿದ್ದು ಖರೇನ ರೀ” ಅಂದ ಜಂಬಣ್ಣ. “ಆದ್ರ ಅದು ಆಗಿದ್ದು ನನಗಲ್ಲ, ನಿಮಗ ಅಂತ ಇವತ್ತು ತಿಳೀತು. ಆ ಎಮ್ಮಿಗಳ ಸುದ್ದಿ ಕೇಳಿದ ಮ್ಯಾಲ ನನಗ ಆ ಹುದ್ದೆ ಬ್ಯಾಡ್ರಿ, ದೇವ್ರಾಣಿ ಬ್ಯಾಡ.”

“ಮತ್ತೆ... ನೀವು ಹೊಟ್ಟೆಪಾಡಿಗೆ ಏನು ಮಾಡ್ತೀರಿ?”

ಜಂಬಣ್ಣ ಅವನ ಎರಡೂ ಕೈ ಹಿಡಿದುಕೊಂಡ. ಕಣ್ಣಲ್ಲಿ ನೀರು ಬಂದಿತ್ತು. “ನಿಮ್ಮ ಉಪಕಾರ ಈ ಜನ್ಮದಾಗ ಮರಿಯಂಗಿಲ್ರಿ. ನೀವು ಅಷ್ಟು ಹೇಳಿದ್ರಲ್ಲ, ಸೀದಾ ಇಂಡಸ್ಟ್ರಿಯಲ್ ಎಸ್ಟೇಟಿಗೇ ಹೋದೆ. ವಶೀಲಿ ಅಂದ್ರ ನನಗ ಆಗಂಗಿಲ್ಲ, ನಿಮಗ ಗೊತ್ತು. ಆದ್ರೂ ಒಂದ ಮಾತು ನಿಮ್ಮ ಹೆಸ್ರು ಹೇಳಿದೆ ನೋಡ್ರಿ, ನೀವೇ ಕಳಿಸೀರಿ ಅಂದ್ಕೊಂಡು ನಂಜುಂಡಪ್ನೋರು ಸರ್ಟಿಫಿಕೇಟೂ ನೋಡ್ಲಿಲ್ಲ. ಸೇತುರಾಮನ ಕಡೆಯೋರು ಅಂದ್ರ ಸಾಕು, ಸೋಮವಾರದಿಂದ ಬಂದ್ಬಿಡು ಅಂದ್ರು.”

ಒಳಗೆ ರಾಯರು ಯಾರಿಗೋ ಮೈಸೂರು ಪಾಕು ಹಂಚುತ್ತಿದ್ದರು.

“ಒಂದು ಕೇಳೋದಿತ್ರಿ” ಅಂದ ಜಂಬಣ್ಣ, ಸಂಕೋಚದಿಂದ. “ಆ ಸ್ಟೋರಿನ ಕುರ್ಚಿ ಒಂದು ಕಡಿ ಅಲ್ಲಾಡ್ತದ. ನೀವು ಅದಕ್ಕ ಏನು ಇಡ್ತಿದ್ರಿ?”

ಸೇತುರಾಮ ಜೇಬಿನಿಂದ ನೋಟೀಸು ತೆಗೆದು ಇನ್ನೊಂದು ಮಡಿಕೆ ಮಡಚಿದ.

“ಎಡಗಡೆ ಹಿಂದಿನ ಕಾಲಿಗೆ ಅರ್ಧ ಇಂಚಿನ ವಾಷರು, ಎರಡು” ಅಂದ.